ಹದಿನಾಲ್ಕನೆಯ ರೀಲಿನಲ್ಲಿ ನಾನು ಏಳಲಿಲ್ಲ

ಮೊದಲೇ ಹೇಳಿಬಿಡುತ್ತೇನೆ, ಈ ಬರಹದ ಕೊನೆಯಲ್ಲಿ ನಾನು ಎದ್ದು ನಿಲ್ಲುವುದಿಲ್ಲ. ಅದಕ್ಕಾಗಿ ಕಾಯುತ್ತ ಓದುವವರು ಇಲ್ಲಿಯೇ ಪುಟ ಮಗುಚಿದರೂ ನನಗೆ ಬೇಸರವಿಲ್ಲ. ಹಾಗೆ ಕಾಯುವವರನ್ನು ಸಾಕಷ್ಟು ನೋಡಿದ್ದೇನೆ. ನೆಂಟರು, ನೆರೆಯವರು, ಬ್ಯಾಂಕಿನ ಗಿರಾಕಿಗಳು, ಆಟೋದವರು, ಎಲ್ಲರೂ ಮೊದಲು ನನ್ನ ಕಾಲು ನೋಡಿ, ಆಮೇಲೆ ಮುಖ ನೋಡಿ, "ಮತ್ತೆ ಯಾವಾಗ ನಡೀತೀರಿ?" ಎಂದು ಕೇಳಿದವರೇ. ಇದು ಅವರಿಗಾಗಿ ಬರೆದದ್ದಲ್ಲ. ಆಸ್ಪತ್ರೆಯಲ್ಲಿ ಗೋಡೆಯ ಟೀವಿಯ ಕೆಳಗೆ ಹೊಸ ಗಾಲಿಕುರ್ಚಿಯಲ್ಲಿ ಕೂತು, ಎಲ್ಲಿ ನೋಡಬೇಕೆಂದು ತಿಳಿಯದೆ ತನ್ನ ಮೊಣಕಾಲನ್ನೇ ನೋಡುತ್ತಿರುವ ಯಾರೋ ಒಬ್ಬಳಿಗಾಗಿ ಬರೆದದ್ದು. ನಾಲ್ಕು ವರ್ಷದ ಹಿಂದೆ ಅವಳು ನಾನೇ ಆಗಿದ್ದೆ.

ನನ್ನ ಹೆಸರು ಶೈಲಜಾ, ಊರು ಗದಗ. ಬ್ಯಾಂಕಿನ ಕೆಲಸ ಮೊದಲು ವಿಜಯವಾಡಕ್ಕೆ ಕಳಿಸಿತು, ಅಲ್ಲಿಯೇ ಮದುವೆಯಾಯಿತು. ನನ್ನ ಗಂಡ ಪ್ರಸಾದ್ ಅವರ ಮನೆಯವರು ಮೂರು ತಲೆಮಾರಿನ ಹಿಂದೆ ಬಳ್ಳಾರಿ ಕಡೆಯಿಂದ ಹೋಗಿ ನೆಲೆ ನಿಂತವರು. ಮನೆಯೊಳಗೆ ಕನ್ನಡವನ್ನೇ ಆಡುತ್ತಾರೆ, ಆದರೆ ನಾಲ್ಕು ಮಾತಿಗೊಂದು ತೆಲುಗು ಬಂದು ಕೂರುತ್ತದೆ, 'ಅಲ್ಲವೇ' ಎನ್ನುವ ಕಡೆ 'ಕದಾ' ಎನ್ನುತ್ತಾರೆ. ಪ್ರಸಾದರಿಗೆ ಅಚ್ಯುತಾಪುರಂನ ಕಾರ್ಖಾನೆಯೊಂದರಲ್ಲಿ ಕೆಲಸವಾದ ಮೇಲೆ ನಾನೂ ವರ್ಗ ಮಾಡಿಸಿಕೊಂಡು ವಿಶಾಖಪಟ್ಟಣಕ್ಕೆ, ದ್ವಾರಕಾ ನಗರದ ಶಾಖೆಗೆ ಬಂದೆ. ಮಗಳು ಹರಿಣಿಗೆ ಆಗ ಆರು ವರ್ಷ.

ಚಂಡಮಾರುತ ಬಂದು ಊರಿನ ಮರಗಳನ್ನೆಲ್ಲ ಉರುಳಿಸಿ ಹೋದ ಮರುವರ್ಷ ಅದು. ಎರಡು ದಿನದಿಂದ ಪಾದ ಜುಮುಗುಡುತ್ತಿತ್ತು. ಕೂತು ಕೂತು ಹೀಗಾಗಿದೆ ಎಂದುಕೊಂಡು ಸುಮ್ಮನಿದ್ದೆ. ಬ್ಯಾಂಕಿನ ಬಾಗಿಲಿಗೆ ಮೂರು ಮೆಟ್ಟಿಲು. ಹತ್ತಿ ಒಳಗೆ ಹೋಗುತ್ತಿದ್ದಾಗ ಕಾವಲುಗಾರ ಹಿಂದಿನಿಂದ ಕೂಗಿದ, "ಮೇಡಂಗಾರೂ, ಚೆಪ್ಪು!" ತಿರುಗಿ ನೋಡಿದರೆ ನನ್ನ ಎಡಗಾಲಿನ ಚಪ್ಪಲಿ ಎರಡನೆಯ ಮೆಟ್ಟಿಲ ಮೇಲೆ ಉಳಿದಿತ್ತು. ಕಾಲಿಂದ ಜಾರಿದ್ದು ನನಗೆ ಗೊತ್ತೇ ಆಗಿರಲಿಲ್ಲ. ನಾನು ನಕ್ಕೆ, ಅವನೂ ನಕ್ಕ. ಮರುದಿನ ಬೆಳಿಗ್ಗೆ ಮಂಚದಿಂದ ಇಳಿಯಲು ಹೋದಾಗ ಸೊಂಟದಿಂದ ಕೆಳಗೆ ಯಾರೂ ಇರಲಿಲ್ಲ.

ಬೆನ್ನುಹುರಿಗೆ ಉರಿಯೂತ ಬಂದಿದೆ ಎಂದರು ಡಾಕ್ಟರು. ಯಾಕೆ ಬಂತು ಎಂದು ಪ್ರಸಾದ್ ಕೇಳಿದರು, ಕೆಲವೊಮ್ಮೆ ಕಾರಣ ಸಿಗುವುದಿಲ್ಲ ಎಂದರು. ವಾಸಿಯಾಗುತ್ತದೆಯೇ ಎಂದು ನಾನು ಕೇಳಿದೆ. ಅವರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. "ಕೆಲವರಿಗೆ ಪೂರ್ತಿ, ಕೆಲವರಿಗೆ ಸ್ವಲ್ಪ, ಕೆಲವರಿಗೆ ಇಲ್ಲ. ನೀವು ಯಾವ ಗುಂಪು ಅಂತ ಆರು ತಿಂಗಳಾದ ಮೇಲೆ ಹೇಳ್ತೀನಿ." ಆಗ ನನಗೆ ಆ ಮನುಷ್ಯನ ಮೇಲೆ ಸಿಟ್ಟು ಬಂದಿತ್ತು. ಈಗ ಅವರಿಗೆ ಕೈಮುಗಿಯಬೇಕೆನ್ನಿಸುತ್ತದೆ, ಯಾಕೆಂದರೆ ಆಮೇಲೆ ಬಂದವರೆಲ್ಲ ಸುಳ್ಳು ಹೇಳಿದರು.

ಆ ಆಸ್ಪತ್ರೆಯ ನರರೋಗ ವಿಭಾಗದಲ್ಲಿ ಒಂದು ಟೀವಿ. ಬೆಳಿಗ್ಗೆಯಿಂದ ಸಂಜೆಯವರೆಗೆ ಸಿನಿಮಾ. ತಲೆಗೆ ಪಟ್ಟಿ ಸುತ್ತಿಕೊಂಡವರು, ಬಾಯಿ ಸೊಟ್ಟಗಾದವರು, ಕೈ ನಡುಗುವವರು, ನಾವೆಲ್ಲ ಕತ್ತೆತ್ತಿಕೊಂಡು ಕಾಯುತ್ತಿದ್ದೆವು. ಒಂದು ದಿನ ತೆರೆಯ ಮೇಲೆ ನಾಯಕಿ ಗಾಲಿಕುರ್ಚಿಯಲ್ಲಿ ಬಂದಳು. ತಲೆತುಂಬ ಮಲ್ಲಿಗೆ, ಇಸ್ತ್ರಿ ಮುರಿಯದ ಸೀರೆ, ಪಾದಗಳೆರಡೂ ಜೋಡಿಸಿಟ್ಟ ಹಾಗೆ. ಇಡೀ ಕೋಣೆ ಒಮ್ಮೆ ಅವಳನ್ನು ನೋಡಿತು, ಒಮ್ಮೆ ನನ್ನನ್ನು ನೋಡಿತು. ನನ್ನ ತಲೆಗೆ ಮೂರು ದಿನದಿಂದ ಎಣ್ಣೆ ಬಿದ್ದಿರಲಿಲ್ಲ, ಕುರ್ಚಿಯ ಕೆಳಗೆ ಮೂತ್ರದ ಚೀಲ ತೂಗುತ್ತಿತ್ತು. ಪಕ್ಕದಲ್ಲಿದ್ದ ಹೆಂಗಸು "ಪಾಪಂ" ಎಂದು ಬಾಯಿ ಚಪ್ಪರಿಸಿ, "ಯಾಕ್ಸಿಡೆಂಟಾ ಅಂಡೀ?" ಎಂದು ಕೇಳಿದಳು. ಇಲ್ಲ, ಹಾಗೆಯೇ ಬಂತು ಎಂದೆ. ಅವಳಿಗೆ ನಿರಾಸೆಯಾಯಿತು.

ಅವಳ ತಪ್ಪೇನೂ ಇಲ್ಲ. ನಾವು ನೋಡುತ್ತ ಬೆಳೆದ ಸಿನಿಮಾಗಳಲ್ಲಿ ಕಾಲು ಸುಮ್ಮನೆ ಹೋಗುವುದಿಲ್ಲ. ಖಳನಾಯಕನಿಗಾದರೆ ಅದು ಮಾಡಿದ ಪಾಪಕ್ಕೆ ಶಿಕ್ಷೆ. ನಾಯಕನ ತಂಗಿಗಾದರೆ ಅವನಿಗೆ ರೋಷ ಬರಿಸುವುದಕ್ಕೆ. ಕುರುಡ ಬಂದರೆ ಕಂಬಕ್ಕೆ ಡಿಕ್ಕಿ ಹೊಡೆಯಬೇಕು, ತೊದಲುವವನು ಬಂದರೆ ಜನ ನಗಬೇಕು. ಕೆಲವರಂತೂ ಕುಂಟರೇ ಅಲ್ಲ, ಆಸ್ತಿ ಹೊಡೆಯಲು ನಾಟಕ ಮಾಡುವವರು. ಇವರಲ್ಲಿ ಯಾರೂ ಬ್ಯಾಂಕಿಗೆ ಹೋಗುವುದಿಲ್ಲ, ಮಗಳ ಊಟದ ಡಬ್ಬಿ ಕಟ್ಟುವುದಿಲ್ಲ, ಕಕ್ಕಸಿಗೆ ಹೋಗುವ ಮಾತಂತೂ ದೂರವೇ ಉಳಿಯಿತು. ಅವರೆಲ್ಲರಿಗೂ ಇರುವುದು ಒಂದೇ ಕೆಲಸ. ಕೊನೆಯಲ್ಲಿ ಸಾಯಬೇಕು, ಇಲ್ಲವೇ ಎದ್ದು ನಿಲ್ಲಬೇಕು.

ಎರಡು ತಿಂಗಳು ಕಳೆಯಿತು. ಸ್ಪರ್ಶ ಅಲ್ಲಲ್ಲಿ ತಿರುಗಿ ಬಂತು, ಬಲ ಬರಲಿಲ್ಲ. ನಾವಿದ್ದದ್ದು ಮೂರನೆಯ ಮಹಡಿ, ಲಿಫ್ಟ್ ಕೆಟ್ಟು ಕೂತಿತ್ತು, ಪ್ರಸಾದರಿಗೆ ಪಾಳಿಯ ಕೆಲಸ. ಗದಗಿನಿಂದ ಅವ್ವ ಫೋನಿನಲ್ಲಿ ಅಳುತ್ತಿದ್ದಳು, "ಯಾರ ಕಣ್ಣ ಬಿತ್ತೋ ನನ್ನ ಕೂಸಿಗೆ, ಇಲ್ಲಿಗೆ ಬಾರವಾ." ಗದಗಿನ ಮನೆಯ ಹೊಸ್ತಿಲೇ ಒಂದು ಮೊಳ ಎತ್ತರ, ಎಲ್ಲಿ ಹೋಗಲಿ? ಕೊನೆಗೆ ವಿಜಯವಾಡದ ಮಾವನವರ ಮನೆ ಎಂದಾಯಿತು. ನೆಲಮಟ್ಟದ ಮನೆ, ಅತ್ತೆಯ ಕೈಯ ಅಡುಗೆ, ನಾಲ್ಕು ಹೆಜ್ಜೆಗೆ ಫಿಸಿಯೋಥೆರಪಿ. ಹರಿಣಿಗೂ ಅಲ್ಲಿಯೇ ಶಾಲೆ. ನಾಲ್ಕು ಹೆಜ್ಜೆ ಎಂದು ಅಭ್ಯಾಸಬಲದಿಂದ ಬರೆದೆ, ಗಾಲಿಗೆ ಅದು ಹತ್ತು ನಿಮಿಷ.

ಈಗ ಮಾವನವರ ವಿಷಯ ಹೇಳಬೇಕು, ಯಾಕೆಂದರೆ ಈ ಕಥೆಯಲ್ಲಿ ತಪ್ಪು ಮಾಡಿದವರು ಅವರು, ನನಗೆ ಅತ್ಯಂತ ಇಷ್ಟವಾದವರೂ ಅವರೇ. ಮೂವತ್ತು ವರ್ಷ ಅವರು ಸಿನಿಮಾ ಹಂಚಿಕೆಯ ಆಫೀಸೊಂದರಲ್ಲಿ ಪ್ರತಿನಿಧಿಯಾಗಿದ್ದರು. ಆಗೆಲ್ಲ ಸಿನಿಮಾದ ಪ್ರಿಂಟು ತಗಡಿನ ಡಬ್ಬಿಗಳಲ್ಲಿ ಊರೂರಿಗೆ ಹೋಗುತ್ತಿತ್ತು. ಡಬ್ಬಿಯ ಜೊತೆಗೆ ಬಸ್ಸಿನಲ್ಲಿ ಹೋಗಿ, ಆ ಊರಿನಲ್ಲಿ ಸಿನಿಮಾ ಓಡುವಷ್ಟು ದಿನವೂ ಟಾಕೀಸಿನಲ್ಲಿದ್ದು, ಜನ ಎಲ್ಲಿ ಚಪ್ಪಾಳೆ ಹೊಡೆದರು, ಎಲ್ಲಿ ಬೀಡಿ ಸೇದಲು ಎದ್ದು ಹೋದರು ಎಂದು ಆಫೀಸಿಗೆ ವರದಿ ಕಳಿಸುವುದು ಅವರ ಕೆಲಸ. ಅನಕಾಪಲ್ಲಿಯಲ್ಲಿ ಬೆಲ್ಲದ ಸಂತೆಯ ದಿನ ಮ್ಯಾಟಿನಿಗೆ ಯಾವ ಹಾಡಿಗೆ ಶಿಳ್ಳೆ ಬೀಳುತ್ತದೆ ಎಂದು ಈಗಲೂ ಹೇಳಬಲ್ಲರು. ಅದಕ್ಕಾಗಿ ಅವರು ತೆರೆಯ ಪಕ್ಕದ ಬಾಗಿಲಿಗೆ ಒರಗಿ, ತೆರೆಗೆ ಬೆನ್ನು ಕೊಟ್ಟು ನಿಲ್ಲುತ್ತಿದ್ದರಂತೆ. "ನಾನು ಸಿನಿಮಾ ನೋಡಿಲ್ಲಮ್ಮಾ. ಸಿನಿಮಾ ನೋಡೋರನ್ನ ನೋಡಿದೀನಿ, ಅಷ್ಟೇ ಕದಾ ನನ್ನ ಉದ್ಯೋಗಂ" ಎನ್ನುತ್ತಿದ್ದರು.

ಡಬ್ಬಿ ಹೋಗಿ ಉಪಗ್ರಹದಿಂದ ಸಿನಿಮಾ ಬೀಳುವ ಕಾಲ ಬಂದು ಅವರು ಮನೆಯಲ್ಲಿ ಕೂತಿದ್ದರು. ನಾನು ಬಂದದ್ದು ಅವರಿಗೆ ಹೊಸ ಸಿನಿಮಾ ಬಂದ ಹಾಗಾಯಿತು. ಬೆಳಿಗ್ಗೆ ಕಾಫಿ ತಂದುಕೊಟ್ಟು ಎದುರಿಗೆ ಸ್ಟೂಲು ಹಾಕಿಕೊಂಡು ಹೇಳುವರು, "ನೋಡಮ್ಮಾ, ಪಿಚ್ಚರು ಅಂದ್ರೆ ಹದಿನಾರು ರೀಲು. ಎಂಟನೇ ರೀಲಿಗೆ ಇಂಟರ್ವೆಲ್ಲು. ಅಲ್ಲಿ ಹೀರೋಯಿನ್‌ಗೆ ದೊಡ್ಡ ಕಷ್ಟಂ ಬರ್ಲೇಬೇಕು. ಹದಿನಾಲ್ಕನೇ ರೀಲಿನಲ್ಲಿ ಲೇಚಿ, ಎದ್ದು ನಿಲ್ತಾಳೆ. ನೀನೀಗ ಒಂಬತ್ತರಲ್ಲಿದೀಯ, ಏಂ ಪರ್ವಾಲೇದು."

"ಮಾವಾರ, ಇದು ಸಿನಿಮಾ ಅಲ್ರೀ" ಎಂದರೆ, "ಸಿನಿಮಾ ಕೂಡಾ ಮನುಷ್ಯರ ಕಥೇನೇ ಕದಮ್ಮಾ" ಎನ್ನುವರು. ನಿಜ ಹೇಳಬೇಕೆಂದರೆ ಮೊದಮೊದಲು ನನಗೆ ಅದು ಹಿತವೇ ಆಗಿತ್ತು. ಮನೆಯಲ್ಲಿ ಎಲ್ಲರೂ ಪಿಸುಮಾತಿನಲ್ಲಿ ಮಾತಾಡುತ್ತಿದ್ದಾಗ ಇವರೊಬ್ಬರು ಗಟ್ಟಿದನಿಯಲ್ಲಿ, ತಾವೇ ನೋಡಿ ಬಂದವರ ಹಾಗೆ ಮುಂದಿನದನ್ನು ಹೇಳುತ್ತಿದ್ದರು. ಮಧ್ಯಾಹ್ನ ಟೀವಿಯಲ್ಲಿ ಹಳೆಯ ಸಿನಿಮಾ ಬಂದರೆ ತಾತ ಮೊಮ್ಮಗಳು ಕೂಡಿ ನೋಡುವರು. ಕುರ್ಚಿಯಲ್ಲಿರುವ ತಾಯಿ, ಅಪಾಯದಲ್ಲಿರುವ ಮಗು, "ಅಮ್ಮಾ!" ಎಂಬ ಕೂಗು, ಗುಡಿಯ ಗಂಟೆ, ತಾಯಿಯ ಹೆಬ್ಬೆರಳು ಅಲುಗುವುದು. ತಾತ ಕೈಗಡಿಯಾರ ನೋಡಿ, "ಈಗ ಲೇಸ್ತುಂದಿ ಚೂಡು" ಎನ್ನುತ್ತಿದ್ದರು, ಅವಳು ಎದ್ದೇ ಏಳುತ್ತಿದ್ದಳು. ಹರಿಣಿ ಚಪ್ಪಾಳೆ ತಟ್ಟಿ ನನ್ನ ಕಡೆ ತಿರುಗಿ ನೋಡುತ್ತಿದ್ದಳು. ಆ ನೋಟವನ್ನು ನಾನು ಆಗಲೇ ಗಮನಿಸಬೇಕಿತ್ತು, ಗಮನಿಸಲಿಲ್ಲ.

ಸಂಕ್ರಾಂತಿ ಕಳೆದ ಮೇಲೆ ಕೆಲಸಕ್ಕೆ ಮರಳುತ್ತೇನೆ ಎಂದು ಬ್ಯಾಂಕಿಗೆ ಬರೆದಿದ್ದೆ. ಆರು ತಿಂಗಳು ತುಂಬಿತ್ತು, ಡಾಕ್ಟರು ಫೋನಿನಲ್ಲಿಯೇ ನನ್ನ ಗುಂಪು ಯಾವುದೆಂದು ಹೇಳಿದ್ದರು. ಒಂದು ದಿನ ಪೂರ್ತಿ ಅತ್ತು, ಮರುದಿನದಿಂದ ಕೈಗೆ ಕಸರತ್ತು ಹೆಚ್ಚಿಸಿದೆ. ಮಂಚದಿಂದ ಕುರ್ಚಿಗೆ, ಕುರ್ಚಿಯಿಂದ ಕಾರಿಗೆ ಹಲಗೆಯ ಮೇಲೆ ಜಾರಿಕೊಂಡು ಹೋಗಲು ಕಲಿತೆ. ಹೊತ್ತು ನೋಡಿ ನಾನೇ ನಳಿಕೆ ಹಾಕಿ ಮೂತ್ರ ತೆಗೆದುಕೊಳ್ಳಲು ಕಲಿತೆ. ಅದು ಬಂದ ದಿನ, ಬ್ಯಾಂಕಿನ ಪರೀಕ್ಷೆ ಪಾಸಾದಾಗಲೂ ಆಗದಷ್ಟು ಸಂತೋಷವಾಗಿತ್ತು. ನನ್ನ ಮಟ್ಟಿಗೆ ಕಥೆ ಮುಂದಕ್ಕೆ ಹೋಗಿತ್ತು. ಮಾವನವರ ಲೆಕ್ಕದಲ್ಲಿ ಮಾತ್ರ ಹದಿನಾಲ್ಕನೆಯ ರೀಲು ಇನ್ನೂ ಬಾಕಿ ಇತ್ತು.

ಸಂಕ್ರಾಂತಿಗೆ ಎರಡು ವಾರವಿರುವಾಗ ಒಂದು ಭಾನುವಾರ ಬೆಳಿಗ್ಗೆ, "ಕೃಷ್ಣಮ್ಮನ ಹತ್ರ ಹೋಗಿ ಬರೋಣಮ್ಮಾ" ಎಂದು ಮಾವನವರು ಹೊರಡಿಸಿದರು. ಕೃಷ್ಣಾ ನದಿಯ ಘಾಟಿನ ಮೇಲಿನ ಕಟ್ಟೆಯವರೆಗೆ ಕುರ್ಚಿ ತಳ್ಳಿಕೊಂಡು ಬಂದು, "ಇಲ್ಲೇ ಇರಮ್ಮಾ, ಹೂವು ತರ್ತೀನಿ" ಎಂದು ಹೋದರು. ಬಿಸಿಲು ಹಿತವಾಗಿತ್ತು. ಹರಿಣಿ ಮೆಟ್ಟಿಲು ಇಳಿಯುತ್ತಿದ್ದಳು. ನೀರು ಇನ್ನೂ ದೂರವಿತ್ತು, ಆದರೂ "ಸಾಕು, ಅಲ್ಲೇ ನಿಲ್ಲು" ಎಂದು ಕೂಗುವಷ್ಟರಲ್ಲಿ ಅವಳು ಜಾರಿದಳು.

"ಅಮ್ಮಾ! ಅಮ್ಮಾ! ಬಿದ್ದೆ! ಅಮ್ಮಾ!"

ಸುತ್ತ ಯಾರೂ ಹತ್ತಿರವಿರಲಿಲ್ಲ. ನನ್ನ ಎರಡೂ ಕೈ ತಾವಾಗಿಯೇ ಕುರ್ಚಿಯ ತೋಳುಗಳನ್ನು ಒತ್ತಿದವು, ಮೈ ಮುಂದಕ್ಕೆ ಹೋಯಿತು. ಕುರ್ಚಿ ಹಿಂದಕ್ಕೆ ಓಡಿತು. ಬ್ರೇಕು ಹಾಕಿರಲಿಲ್ಲ. ಬಲಗೈ ಮೈಯ ಅಡಿಗೆ ಸಿಕ್ಕಿ ನಾನು ಕಲ್ಲಿನ ಮೇಲೆ ಮುಗ್ಗರಿಸಿ ಬಿದ್ದೆ, ಮಣಿಕಟ್ಟು ಮುರಿದ ಸದ್ದು ನನಗೇ ಕೇಳಿಸಿತು. ಮಗಳು ಇನ್ನೂ ಕೂಗುತ್ತಿದ್ದಳು. ಮೊಣಕೈ ಊರಿ, ಕಾಲನ್ನು ಎಳೆದುಕೊಂಡು ನಾನು ಒಂದು ಮೆಟ್ಟಿಲು ಇಳಿದೆ. ಇನ್ನೊಂದು ಇಳಿದೆ. ಗಲ್ಲದಿಂದ ರಕ್ತ ಬರುತ್ತಿತ್ತು. ಮೂರನೆಯ ಮೆಟ್ಟಿಲಿಗೆ ಮೊಣಕೈ ಇಟ್ಟಾಗ ಹರಿಣಿ ತಾನೇ ಎದ್ದು ನಿಂತಳು. ಲಂಗ ಕೊಡವಿಕೊಂಡಳು. ಅವಳಿಗೆ ಏನೂ ಆಗಿರಲಿಲ್ಲ. ಅವಳು ನನ್ನ ಮುಖವನ್ನು ನೋಡಲಿಲ್ಲ, ನನ್ನ ಕಾಲನ್ನು ನೋಡಿದಳು.

ಆಗ ಕಂಬದ ಮರೆಯಿಂದ ಮಾವನವರು ಓಡಿ ಬಂದರು. ಅಷ್ಟು ಹೊತ್ತೂ ಅವರು ಅಲ್ಲಿಯೇ ಇದ್ದರು. ಮಗು ಜಾರಿದ್ದು, ಕೂಗಿದ್ದು ಎಲ್ಲ ಅವರೇ ಹೇಳಿಕೊಟ್ಟದ್ದು. ನೀರಿನ ಹತ್ತಿರ ಅವರ ಹಳೆಯ ಸ್ನೇಹಿತರೊಬ್ಬರನ್ನು ನಿಲ್ಲಿಸಿ ಮಗುವಿಗೆ ಕಾವಲೂ ಇಟ್ಟಿದ್ದರು. ಎಲ್ಲವನ್ನೂ ಯೋಚಿಸಿದ್ದ ಮನುಷ್ಯ ಕುರ್ಚಿಗೆ ಬ್ರೇಕು ಹಾಕುವುದನ್ನು ಯೋಚಿಸಿರಲಿಲ್ಲ. ಮೂವತ್ತು ವರ್ಷದಲ್ಲಿ ಯಾವ ಸಿನಿಮಾದಲ್ಲಿಯೂ ಯಾರೂ ಬ್ರೇಕು ಹಾಕಿದ್ದನ್ನು ಅವರು ಕಂಡಿರಲಿಲ್ಲ.

ಆಸ್ಪತ್ರೆಯಲ್ಲಿ ಎಕ್ಸ್‌ರೇಗೆ ಕಾಯುವಾಗ ಅವರು ನನ್ನ ಎದುರಿನ ಬೆಂಚಿನಲ್ಲಿ ಕೂತಿದ್ದರು, ಮೊದಲೇ ಕೊಂಡಿಟ್ಟುಕೊಂಡಿದ್ದ ಹೂವಿನ ಪೊಟ್ಟಣ ಇನ್ನೂ ಕೈಯಲ್ಲಿ. "ಹದಿನಾಲ್ಕನೇ ರೀಲು ಅಂದ್ಕೊಂಡೆನಮ್ಮಾ" ಎಂದರು. ಆಮೇಲೆ ಪೊಟ್ಟಣದಲ್ಲಿ ಮುಖ ಮುಚ್ಚಿಕೊಂಡು ಅತ್ತರು. ನಾನು ಸಮಾಧಾನ ಮಾಡಲಿಲ್ಲ. ನನಗೆ ಅವರ ಮೇಲೆ ಕೆಂಡದಂಥ ಸಿಟ್ಟಿತ್ತು. ಕುರ್ಚಿ ಉರುಳಿಸುವ ಕೈ ಅದು, ಮಂಚದಿಂದ ಇಳಿಸುವ ಕೈ ಅದು, ಆರು ತಿಂಗಳಲ್ಲಿ ಕಟ್ಟಿಕೊಂಡ ಜೀವನವೆಲ್ಲ ಆ ಒಂದು ಕೈಯಲ್ಲಿತ್ತು. ಬ್ಯಾಂಕಿಗೆ ಮರಳುವುದು ಜೂನ್ ತಿಂಗಳಿಗೆ ಹೋಯಿತು. ಪ್ರಸಾದ್ ವಿಶಾಖಪಟ್ಟಣದಿಂದ ಮೊದಲ ಗಾಡಿ ಹಿಡಿದು ಬಂದು ಅಪ್ಪನ ಮೇಲೆ ಕೂಗಾಡಿದರು. ನಂತರ ನನ್ನ ಪಕ್ಕ ಕೂತು, ತಲೆ ತಗ್ಗಿಸಿ, "ಶೈಲೂ, ಫೋನಲ್ಲಿ ಕೇಳಿದಾಗ ನಂಗೂ ಒಂದು ನಿಮಿಷಂ ಅನ್ನಿಸ್ತು, ಎದ್ದಿದ್ರೆ ಅಂತ" ಎಂದರು. ಆ ಮಾತಿಗೆ ನಾನು ಅವರನ್ನು ಎಂಟು ದಿನ ಮಾತಾಡಿಸಲಿಲ್ಲ. ಈಗ ಅನ್ನಿಸುತ್ತದೆ, ಮನೆಯಲ್ಲಿ ಎಲ್ಲರಿಗೂ ಇದ್ದ ಆ ಆಸೆಯನ್ನು ಒಪ್ಪಿಕೊಂಡವರು ಅವರೊಬ್ಬರೇ.

ಇದೆಲ್ಲ ಸಹಿಸಬಹುದಿತ್ತು. ಸಹಿಸಲಾಗದ್ದು ಆಮೇಲೆ ಬಂತು. ಬಲಗೈಗೆ ಪ್ಲಾಸ್ಟರ್ ಇದ್ದುದರಿಂದ ಹರಿಣಿ ನನ್ನ ತಲೆ ಬಾಚುತ್ತಿದ್ದಳು. ಹಿಂದಿನಿಂದ ಅವಳ ದನಿ ಬಂತು.

"ಅಮ್ಮಾ, ನಾನು ಗಟ್ಟಿಗಾ ಕೂಗಿದೆ ಕದಾ?"

"ಹೂಂ, ಕೂಗಿದಿ."

"ಪ್ರೀತಿ ಇದ್ರೆ ಅಮ್ಮ ಎದ್ದೇ ಏಳ್ತಾಳೆ ಅಂದ್ರು ತಾತಯ್ಯ." ಬಾಚಣಿಗೆ ನಿಂತಿತು. "ನಾನಂದ್ರೆ ನಿಂಗೆ ಇಷ್ಟಂ ಇಲ್ವಾ?"

"ಭಾಳ ಇಷ್ಟ ಅದ, ಕೂಸ. ಆದ್ರ ಕಾಲಿಗೆ ಅದು ತಿಳಿಯೂದಿಲ್ಲ" ಎಂದೆ.

"ಸಿನಿಮಾದಲ್ಲಿ ತಿಳಿಯತ್ತೆ" ಎಂದಳು ಹರಿಣಿ, ಮತ್ತೆ ಬಾಚತೊಡಗಿದಳು.

ಕಾಲು ಹೋದ ದಿನ ನಾನು ಇಷ್ಟು ಹೆದರಿರಲಿಲ್ಲ. ನನ್ನ ಮಗಳು ತನ್ನ ತಾಯಿಯ ಪ್ರೀತಿ ಒಂದು ಹೆಜ್ಜೆ ಕಡಿಮೆ ಎಂದು ನಂಬಿಕೊಂಡು ಬೆಳೆಯುತ್ತಾಳೆ. ಏಳದೆ ಉಳಿದ ಪ್ರತಿ ದಿನವೂ ಅವಳಿಗೆ ಅದೇ ಸಾಕ್ಷಿ. ಮಾತಿನಿಂದ ಇದನ್ನು ತೆಗೆಯಲಾಗದು ಎಂದು ನನಗೆ ಆಗಲೇ ಗೊತ್ತಾಯಿತು, ಯಾಕೆಂದರೆ ಅವಳು ಕಣ್ಣಾರೆ ಕಂಡದ್ದನ್ನು ನಂಬಿದ್ದಳು. ಹಾಗಾದರೆ ಬೇರೇನನ್ನೋ ಅವಳು ಕಣ್ಣಾರೆ ಕಾಣಬೇಕು. ಅವತ್ತು ನಾನು ಹಟ ಹಿಡಿದೆ. ಕಾಲು ಬರಲಿ ಬಿಡಲಿ, ಈ ಹುಡುಗಿಯ ತಲೆಯಿಂದ ಆ ರೀಲನ್ನು ಕಿತ್ತುಹಾಕಿಯೇ ನಾನು ವಿಶಾಖಪಟ್ಟಣಕ್ಕೆ ಹೋಗುವುದು ಎಂದುಕೊಂಡೆ.

ಮರುದಿನ ಫಿಸಿಯೋಥೆರಪಿಗೆ ಅವಳನ್ನೂ ಕರೆದುಕೊಂಡು ಹೋದೆ. ಅಲ್ಲಿ ನನಗೆ ಕಲಿಸುತ್ತಿದ್ದವಳು ಪದ್ಮಜಾ, ಐವತ್ತರ ಹತ್ತಿರದವಳು, ಮಾತು ಖಾರ, ಕೈ ಮೆದು. ಅವಳು ಆಡುವುದು ತೆಲುಗು, ನಾನು ಕನ್ನಡದಲ್ಲಿ ಬರೆಯುತ್ತಿದ್ದೇನೆ. ನಡೆದದ್ದನ್ನು ಹೇಳಿದೆ. ಅವಳು ನನ್ನನ್ನು ಚಾಪೆಯ ಆ ತುದಿಯಲ್ಲಿ ಕೂರಿಸಿ, ಹರಿಣಿಯನ್ನು ಎತ್ತಿ ನನ್ನ ಕುರ್ಚಿಯಲ್ಲಿ ಕೂರಿಸಿದಳು. ತನ್ನ ದುಪಟ್ಟಾ ತೆಗೆದು ಅವಳ ಎರಡೂ ಕಾಲನ್ನು ತೊಡೆಯಿಂದ ಪಾದದವರೆಗೆ ಬಿಗಿಯಾಗಿ ಸುತ್ತಿದಳು. ಕುರ್ಚಿಯ ಮುಂದೆ ದಪ್ಪ ಹಾಸಿಗೆ ಎಳೆದಳು. ನಂತರ ನನಗೆ, "ಈಗ ನೀವು ಮಗಳನ್ನ ಕೂಗಿ. ಜೋರಾಗಿ ಕೂಗಿ" ಎಂದಳು.

"ಹರಿಣೀ! ಬಾರ ಕೂಸ! ನಾ ಬಿದ್ದೀನಿ!" ಎಂದು ಕೂಗಿದೆ. ನನ್ನ ದನಿಗೆ ನಾನೇ ಬೆಚ್ಚಿದೆ.

ಹರಿಣಿ ಕುರ್ಚಿಯ ತೋಳು ಒತ್ತಿ ಮುಂದಕ್ಕೆ ಬಾಗಿದಳು. ಕುರ್ಚಿ ಹಿಂದಕ್ಕೆ ಓಡಿತು, ಅವಳು ಹಾಸಿಗೆಯ ಮೇಲೆ ದೊಪ್ಪನೆ ಬಿದ್ದಳು. ಮೂಗು ಕೆಂಪಾಯಿತು. ಅಳು ಬರುವ ಮೊದಲೇ ಪದ್ಮಜಾ ಹೇಳಿದಳು, "ಅಳು ಆಮೇಲೆ. ನಿಮ್ಮಮ್ಮ ಕೂಗ್ತಿದಾಳೆ, ಹೋಗು." ಕಾಲು ಕಟ್ಟಿದ್ದ ಹುಡುಗಿ ಸುತ್ತ ನೋಡಿದಳು. ಮೊಣಕೈ ಊರಿದಳು. ಒಂದೊಂದೇ ಗೇಣು ಎಳೆದುಕೊಂಡು ಚಾಪೆಯ ಈ ತುದಿಯಿಂದ ಆ ತುದಿಗೆ ಬಂದು ನನ್ನ ಮಡಿಲಿಗೆ ತಲೆ ಇಟ್ಟಳು. ಅವಳ ಮೊಣಕೈ ತರಚಿ ಕೆಂಪಾಗಿತ್ತು. ನನ್ನ ಮೊಣಕೈಯ ಗಾಯ ಆಗಷ್ಟೇ ಒಣಗುತ್ತಿತ್ತು. ಅವಳು ಎರಡನ್ನೂ ನೋಡಿದಳು. ಬಿಚ್ಚಿ ಎಂದು ಕಾಲು ತೋರಿಸಿದಳು.

ಏನಾದರೂ ಹೇಳುತ್ತಾಳೆ ಎಂದು ನಾನು ಮನೆಯವರೆಗೆ ಕಾದೆ. ಹೇಳಲಿಲ್ಲ. ಆದರೆ ಅಂದಿನಿಂದ ಅವಳು ಆ ಪ್ರಶ್ನೆಯನ್ನು ಕೇಳಲೂ ಇಲ್ಲ. ಅವಳಿಗೆ ತಿಳಿಯಿತೋ, ಇನ್ನು ಕೇಳಬಾರದು ಎಂದು ಸುಮ್ಮನಾದಳೋ, ನನಗೆ ಗೊತ್ತಾಗಲಿಲ್ಲ. ಮಕ್ಕಳು ಹೀಗೆ ಸುಮ್ಮನಾದರೆ ನಮಗೆ ಇನ್ನೂ ಭಯ.

ಮಾವನವರು ಹತ್ತು ದಿನ ನನ್ನ ಕಣ್ಣಿಗೆ ಬೀಳದಂತೆ ಓಡಾಡಿದರು. ಹನ್ನೊಂದನೆಯ ದಿನ ಪದ್ಮಜಾಳ ಕೋಣೆಯ ಬಾಗಿಲಿನಲ್ಲಿ ಬಂದು ನಿಂತು, "ನಂಗೂ ನೇರ್ಪಿಸಮ್ಮಾ, ಕಲಿಸು" ಎಂದು ಅವಳನ್ನು ಕೇಳಿದರು. ಕುರ್ಚಿ ಇಳಿಜಾರಿನಲ್ಲಿ ಹೇಗೆ ಹಿಡಿಯಬೇಕು, ಹಲಗೆ ಎಲ್ಲಿ ಇಡಬೇಕು, ಎಲ್ಲಿ ಮುಟ್ಟಬಾರದು, ಎಲ್ಲವನ್ನೂ ಕಲಿತರು. ಒಂದು ಬೆಳಿಗ್ಗೆ ಏಳುವಾಗ ನೋಡಿದರೆ ಕುರ್ಚಿಯ ಎರಡೂ ಬ್ರೇಕಿನ ಹಿಡಿಗೆ ಕೆಂಪು ಬಣ್ಣ ಬಳಿದಿತ್ತು. ಕ್ಷಮಿಸು ಎಂಬ ಮಾತು ಅವರ ಬಾಯಿಂದ ಬರಲಿಲ್ಲ. ಆ ಕೆಂಪನ್ನು ಕಂಡ ಮೇಲೆ ನನ್ನ ಸಿಟ್ಟು ಇಳಿಯಿತು.

ಜೂನ್ ತಿಂಗಳಲ್ಲಿ ವಿಶಾಖಪಟ್ಟಣಕ್ಕೆ ಮರಳಿದೆವು, ಈ ಸಲ ನೆಲಮಹಡಿಗೆ. ಅತ್ತೆ ಮಾವ ಇಬ್ಬರೂ ಜೊತೆಗೆ ಬಂದರು. ಮ್ಯಾನೇಜರು ಒಳ್ಳೆಯವರೇ. "ಯಾಕೆ ಕಷ್ಟ ಪಡ್ತೀರಿ ಮೇಡಂ, ಇನ್ನೂ ರಜೆ ತಗೊಳ್ಳಿ" ಎಂದರು. "ರಜಾ ಸಾಕಾಗೇದ್ರಿ ಸರ್" ಎಂದೆ. ಮೂರು ಮೆಟ್ಟಿಲ ಪಕ್ಕದಲ್ಲಿ ಇಳಿಜಾರು ಆಗುವವರೆಗೆ ನಾನು ದಿನವೂ ಹತ್ತು ಗಂಟೆಗೆ ಸರಿಯಾಗಿ ಬಾಗಿಲ ಮುಂದೆ ಬಂದು ಕೂತೆ. ಗಿರಾಕಿಗಳು ನನ್ನನ್ನು ಸುತ್ತಿಕೊಂಡು ಹತ್ತಬೇಕಾಗುತ್ತಿತ್ತು. ನಾಲ್ಕನೆಯ ದಿನ ಗಾರೆಯವರು ಬಂದರು. ಇಳಿಜಾರು ಆರಿದ ಮೇಲೆ ಅದನ್ನು ಮೊದಲು ಬಳಸಿದವರು ಪಿಂಚಣಿಗೆ ಬರುವ ಮುದುಕರು, ಎರಡನೆಯವಳು ನಾನು. ಎಡಗಾಲಿನ ಚಪ್ಪಲಿಯನ್ನು ಕಾವಲುಗಾರ ಈಗಲೂ ನೆನಪಿಸುತ್ತಾನೆ.

ಎರಡು ವರ್ಷ ಕಳೆಯಿತು. ಹರಿಣಿಗೆ ಒಂಬತ್ತು ತುಂಬಿತು. ನಾವು ಯಾರೂ ಟಾಕೀಸಿಗೆ ಹೋಗಿರಲಿಲ್ಲ, ಆ ಮಾತನ್ನು ಯಾರೂ ಎತ್ತುತ್ತಲೂ ಇರಲಿಲ್ಲ. ಒಂದು ಶನಿವಾರ ಅವಳೇ ಬಂದು ಶಾಲೆಯಲ್ಲಿ ಎಲ್ಲರೂ ನೋಡಿದ ಹೊಸ ಸಿನಿಮಾಕ್ಕೆ ಹೋಗಬೇಕೆಂದಳು. ಕಥೆ ಏನೆಂದು ಕೇಳಿದೆ. "ಅದರಲ್ಲಿ ಹೀರೋಯಿನ್‌ಗೆ ಕಾಲು ಬರಲ್ಲಂಟ" ಎಂದಳು. ಮಾವನವರು ಕಾಫಿ ಲೋಟ ಕೆಳಗಿಟ್ಟರು. ಬೇಡ ಎನ್ನಲು ಬಾಯಿ ತೆರೆದವಳು, ಯಾಕೆ ಬೇಡ ಎಂದುಕೊಂಡೆ. ಎರಡು ವರ್ಷದಿಂದ ಮುಚ್ಚಿಟ್ಟ ಪ್ರಶ್ನೆ ಅದು. ಒಂದು ದಿನ ಎದುರಿಸಲೇಬೇಕಿತ್ತು. "ನಡೀರಿ, ನಾಳೆ ಮ್ಯಾಟಿನಿಗೆ ಹೋಗೂಣು" ಎಂದೆ.

ಹಳೆಯ ಟಾಕೀಸು, ಮುಂಬಾಗಿಲಿಗೆ ಹದಿಮೂರು ಮೆಟ್ಟಿಲು. ಗೇಟಿನವರು ಇಬ್ಬರು ಬಂದು ಎತ್ತಿಕೊಂಡು ಹೋಗುತ್ತೇವೆಂದರು. ಮಾವನವರು ಅವರನ್ನು ಪಕ್ಕಕ್ಕೆ ಸರಿಸಿದರು. "ನನಗೆ ದಾರಿ ಗೊತ್ತು ಬಾಬೂ" ಎಂದು ಹಿಂದಿನ ಓಣಿಗೆ ತಿರುಗಿಸಿದರು. ಅಲ್ಲಿ ಇಳಿಜಾರಿನ ಒಂದು ಬಾಗಿಲು. ಹಿಂದೆ ಪ್ರಿಂಟಿನ ಡಬ್ಬಿ, ಸೋಡಾದ ಪೆಟ್ಟಿಗೆ ಎಲ್ಲ ಅಲ್ಲಿಂದಲೇ ಒಳಗೆ ಹೋಗುತ್ತಿದ್ದವಂತೆ. "ಮೂವತ್ತು ವರ್ಷ ಡಬ್ಬಿ ತಂದ ದಾರಿ ಇದು, ಈಗ ಸೊಸೆ" ಎಂದರು. "ಡಬ್ಬಿಗಿಂತ ನಾ ಹಗುರ ಅದೀನೋ ಇಲ್ಲೋ?" ಎಂದು ಕೇಳಿದೆ. ಅವರು ಬಹಳ ದಿನದ ಮೇಲೆ ಬಾಯಿತುಂಬ ನಕ್ಕರು.

ಸಾಲಿನ ತುದಿಯಲ್ಲಿ ನನ್ನ ಕುರ್ಚಿ, ಒಳಗಡೆ ಹರಿಣಿ, ಅವಳಾಚೆ ಪ್ರಸಾದ್. ಮಾವನವರು ಕೂರಲಿಲ್ಲ. ಹಳೆಯ ಅಭ್ಯಾಸದಂತೆ ತೆರೆಯ ಪಕ್ಕದ ಬಾಗಿಲಿಗೆ ಹೋಗಿ, ಬೆನ್ನು ಒರಗಿಸಿ, ನಮ್ಮ ಕಡೆ ಮುಖ ಮಾಡಿ ನಿಂತರು.

ಸಿನಿಮಾ ನಾನು ಹೆದರಿದ ಹಾಗೆಯೇ ಇತ್ತು. ಮಲ್ಲಿಗೆ, ಇಸ್ತ್ರಿ ಸೀರೆ, ಜೋಡಿಸಿಟ್ಟ ಪಾದ. ಕೊನೆಗೆ ನಾಯಕನಿಗೆ ಏಟು ಬಿದ್ದು ಅವನು ನೆಲಕ್ಕೆ ಉರುಳಿದ. ಅವಳು ದೂರದಿಂದ ನೋಡಿದಳು, ಗಂಟೆ ಮೊಳಗತೊಡಗಿತು. ಜನ ಸೀಟಿನ ಅಂಚಿಗೆ ಬಂದರು. ನಾನು ತೆರೆಯನ್ನು ನೋಡಲಿಲ್ಲ, ಹರಿಣಿಯ ಮುಖ ನೋಡಿದೆ. ಬೆಳಕು ಅವಳ ಕೆನ್ನೆಯ ಮೇಲೆ ಬಂದು ಹೋಗುತ್ತಿತ್ತು. ಬಾಯಿ ಅರ್ಧ ತೆರೆದಿತ್ತು. ಹಿಂದೆ ಮಧ್ಯಾಹ್ನದ ಟೀವಿಯ ಮುಂದೆ ಕೂರುತ್ತಿದ್ದ ಅದೇ ಮುಖ. ಹೋಯಿತು, ಎಲ್ಲ ಹೋಯಿತು ಎಂದುಕೊಂಡೆ. ತೆರೆಯ ಮೇಲೆ ನಾಯಕಿ ಕುರ್ಚಿಯ ತೋಳು ಒತ್ತಿದಳು, ಮೈ ಮುಂದಕ್ಕೆ ತಂದಳು, ಎದ್ದಳು. ಟಾಕೀಸು ಶಿಳ್ಳೆಯಿಂದ ತುಂಬಿತು.

ಆ ಶಿಳ್ಳೆಯ ನಡುವೆ ನನ್ನ ಮಗಳು ಸೀಟಿನ ಮೇಲೆ ಎದ್ದು ನಿಂತು ತೆಲುಗಿನಲ್ಲಿ ಕೂಗಿದಳು, "ಬ್ರೇಕ್ ವೇಯಲೇದು! ಆಮೆ ಬ್ರೇಕ್ ವೇಯಲೇದು!"

ಬ್ರೇಕ್ ಹಾಕಿಲ್ಲ, ಅವಳು ಬ್ರೇಕ್ ಹಾಕಿಲ್ಲ. ನಮ್ಮ ಸಾಲು ತಿರುಗಿ ನೋಡಿತು, ಯಾರೋ ನಕ್ಕರು, ಯಾರೋ ಕೂರಮ್ಮಾ ಎಂದರು. ಅವಳಿಗೆ ನಿಜವಾಗಿಯೂ ಸಿಟ್ಟು ಬಂದಿತ್ತು. "ಕುರ್ಚಿ ಹಿಂದೆ ಹೋಗತ್ತೆ, ಬಿದ್ದು ಹೋಗ್ತಾಳೆ" ಎಂದು ಗೊಣಗುತ್ತ ಕೂತಳು. ದೂರದ ಬಾಗಿಲಿನಲ್ಲಿ ಮಾವನವರು ಜನರನ್ನು ನೋಡುವುದನ್ನು ಬಿಟ್ಟು ಮೊಮ್ಮಗಳನ್ನೇ ನೋಡುತ್ತಿದ್ದರು. ಅವರ ಕೈ ಎದೆಯ ಮೇಲಿತ್ತು.

ಹರಿಣಿ ನನ್ನ ಕಡೆ ಬಾಗಿ, ಕತ್ತಲೆಯಲ್ಲಿಯೇ ತಡವಿ ಕೆಂಪು ಹಿಡಿಯನ್ನು ಹುಡುಕಿ, ಬಿಗಿಯಾಗಿದೆಯೇ ಎಂದು ಒತ್ತಿ ನೋಡಿದಳು. ಕೈಯನ್ನು ಅಲ್ಲಿಯೇ ಇಟ್ಟುಕೊಂಡು ನನ್ನ ಕಿವಿಯ ಹತ್ತಿರ ಬಂದು, ನಮ್ಮಿಬ್ಬರಿಗಷ್ಟೇ ಕೇಳುವ ಹಾಗೆ ಕನ್ನಡದಲ್ಲಿ ಹೇಳಿದಳು.

"ಅಮ್ಮಾ, ಆವತ್ತು ಘಾಟಿನಲ್ಲಿ ನೀನು ಬಂದಿದ್ದೆ. ಮೊಣಕೈಲಿ."

ತೆರೆಯ ಮೇಲೆ ಆ ನಾಯಕಿ ಓಡುತ್ತಿದ್ದಳು. ಮುಂದೆ ಏನಾಯಿತೋ ನಾನು ನೋಡಲಿಲ್ಲ.